ಗೂಟ ಹೊಡ್ಕೊಂಡು ಕೂತವನು

ಹೊಸ ಮನೆಯ ಪಡಸಾಲೆಗೆ ಬಂದ ಶೇಖರಮ್ಮ ಬಾಗಿಲಲ್ಲೇ ನಿಂತಳು. ಯಾವನೋ ಒಬ್ಬ ಗೋಡೆಗೆ ಕಿವಿ ಹಚ್ಚಿ, ಬೆರಳಿನಿಂದ ಟಕಟಕ ಬಡಿಯುತ್ತಿದ್ದ.

‘ಇವನೇನು ಗೋಡೆಯ ನಾಡಿ ನೋಡುತ್ತಾನೋ…’ ಅವಳ ತುಟಿ ಕೊಂಕಿತು.

ಅವನು ಜಂಬಣ್ಣ. ಮಸ್ಕಿಯಲ್ಲಿ ಹಾರ್ಡ್‌ವೇರ್ ಅಂಗಡಿ ಇಟ್ಟವನು. ತನ್ನಲ್ಲಿ ಕೊಂಡ ಸಾಮಾನನ್ನು ತಾನೇ ಬಂದು ಗೋಡೆಗೆ ಕೂಡಿಸಿಕೊಡುವವನು. ‘ನಮ್ಮ ಪೈಕಿ ಹುಡುಗ’ ಎಂದು ಅಪ್ಪ ಹಂಪಣ್ಣ ಹೇಳಿದ್ದ. ಪೈಕಿಯಾದರೇನು, ತಲೆ ತುಂಬ ಸುಣ್ಣದ ಪುಡಿ!

ಎಂಬತ್ತೊಂಬತ್ತನೇ ಇಸವಿ. ಸಿಂಧನೂರಿನ ಭತ್ತದ ವ್ಯಾಪಾರಿಗಳಿಗೆಲ್ಲ ಮನೆ ಕಟ್ಟುವ ಹುಚ್ಚು. ಹಂಪಣ್ಣನಿಗೆ ಅದರ ಮೇಲೆ ಹಿತ್ತಾಳೆಯ ಹುಚ್ಚು. ಗೋಡೆಗೆ ಹಿತ್ತಾಳೆ ನವಿಲಿನ ಎರಡು ಕೊಕ್ಕೆ, ಅವಕ್ಕೆ ತೂಗುಹಾಕಲು ಕೆತ್ತನೆ ಚೌಕಟ್ಟಿನ ಕನ್ನಡಿ. ಗೃಹಪ್ರವೇಶಕ್ಕೆ ಬಂದವರು ಅದರಲ್ಲಿ ಮುಖ ನೋಡಿಕೊಂಡು ಹೊಟ್ಟೆ ಉರಿದುಕೊಳ್ಳಬೇಕು, ಅಷ್ಟೇ ಅವನ ಆಸೆ.

ಜಂಬಣ್ಣ ಚಾಣದಿಂದ ಗೋಡೆ ಕೊರೆದು, ತೇಗದ ಗೂಟ ಇಳಿಸಿ, ಸುತ್ತ ಸಿಮೆಂಟು ತುಂಬಿದ. ಗೂಟಕ್ಕೆ ನವಿಲನ್ನು ಸ್ಕ್ರೂ ಹಾಕಿ ಬಿಗಿದ. ನಾಲ್ಕು ದಿನ ನೀರು ಚಿಮುಕಿಸಬೇಕು, ಅಲ್ಲಿಯವರೆಗೆ ಕನ್ನಡಿ ಮುಟ್ಟಬಾರದು, ನಾನು ದಿನಾ ಬಂದು ನೋಡುತ್ತೇನೆ ಎಂದ.

“ಎರಡು ಕೊಕ್ಕಿ ಹಾಕಾಕ ನಾಕು ದಿನಾನಾ? ಇಲ್ಲೇ ಗೂಟ ಹೊಡ್ಕೊಂಡು ಕೂಡ್ತೀಯೇನು?” ಎಂದಳು ಶೇಖರಮ್ಮ.

ಅವನು ತಿರುಗಿಯೂ ನೋಡಲಿಲ್ಲ. “ಗೋಡಿ ಒಳಗ ಪೊಳ್ಳೈತ್ರಿ. ಮ್ಯಾಲಷ್ಟ ಬಣ್ಣ.”

ಶೇಖರಮ್ಮನ ಮೈಯೆಲ್ಲ ಉರಿಯಿತು. ಅವನು ಹೇಳಿದ್ದು ಗೋಡೆಯನ್ನು. ಅವಳು ತಿಳಿದುಕೊಂಡದ್ದು ತನ್ನ ಮನೆತನವನ್ನು, ತನ್ನನ್ನು. ಮರುದಿನ ಅವನು ಬಂದಾಗ ಕುಡಿಯಲು ನೀರೂ ಕೊಡಲಿಲ್ಲ.

ಮೂರನೆಯ ದಿನ ಮಧ್ಯಾಹ್ನ ಮನೆಯಲ್ಲಿ ಯಾರೂ ಇರಲಿಲ್ಲ. ಹೊಸ ಸೀರೆ ಉಟ್ಟಿದ್ದಳು. ‘ಇವನ ನಾಲ್ಕು ದಿನ ಯಾರಿಗೆ ಬೇಕು…’ ಎಂದುಕೊಂಡು ಕನ್ನಡಿ ಎತ್ತಿ ನವಿಲಿನ ಕೊಕ್ಕೆಗಳಿಗೆ ಹಾಕಿದಳು. ಕುಪ್ಪಸದ ತೋಳು ಸರಿಮಾಡಿಕೊಳ್ಳುವಷ್ಟರಲ್ಲಿ ಗೂಟ ಕಿತ್ತು ಬಂತು. ಕನ್ನಡಿ ನೂರು ಚೂರಾಯಿತು. ಕೈಯ ಹಸಿರು ಬಳೆಗಳು ಒಡೆದು ಮಣಿಕಟ್ಟು ಹರಿಯಿತು.

ಗಾಯಕ್ಕೆ ಬಟ್ಟೆ ಸುತ್ತಿ, ಅದನ್ನು ಸೆರಗಿನಡಿ ಮುಚ್ಚಿಕೊಂಡು, ‘ಅದು ತಾನಾಗಿಯೇ ಬಿತ್ತು’ ಎಂದಳು.

ಮೂಲೆಯಲ್ಲಿ ಒರಗಿಸಿಟ್ಟಿದ್ದ ಕನ್ನಡಿ ಗೋಡೆಗೆ ಹೇಗೆ ಏರಿತು ಎಂದು ಹಂಪಣ್ಣ ಕೇಳಲೇ ಇಲ್ಲ. ಜಂಬಣ್ಣ ಬಂದಾಗ ಬಾಯಿಗೆ ಬಂದಂತೆ ಬೈದ. ಜಂಬಣ್ಣ ಗೂಟ ಎತ್ತಿಕೊಂಡ. ಅದಕ್ಕೆ ಅಂಟಿದ ಸಿಮೆಂಟು ಇನ್ನೂ ಹಸಿಯಾಗಿತ್ತು. ಗಾಜಿನ ನಡುವೆ ಹಸಿರು ಬಳೆಯ ಚೂರುಗಳಿದ್ದವು. ಅವನ ಕಣ್ಣು ಒಂದು ಗಳಿಗೆ ಅವಳ ಮುಚ್ಚಿದ ಕೈಯ ಮೇಲೆ ನಿಂತಿತು.

‘ಈಗ ಹೇಳುತ್ತಾನೆ… ಈಗ ಹೇಳಿಬಿಡುತ್ತಾನೆ…’

“ತಪ್ಪು ನಂದಾ ರೀ,” ಎಂದು ಬಳೆಯ ಚೂರುಗಳನ್ನು ಆರಿಸಿ ಜೇಬಿಗಿಟ್ಟುಕೊಂಡು ಹೋದ.

ಹಂಪಣ್ಣ ಇದನ್ನು ಪೇಟೆಯಲ್ಲೆಲ್ಲ ಸಾರುತ್ತಾ ಬಂದ. ಗೊರೇಬಾಳದ ಒಂದು ಮನೆಯವರು ಜಂಬಣ್ಣನ ಕೆಲಸ ಬಿಡಿಸಿದರು. ಲಿಂಗಸುಗೂರಿನ ಎರಡು ಮನೆಯವರು ಬೇಡವೆಂದರು. ಮಸ್ಕಿಯವನು ಹಾಕಿದ್ದು ನಿಲ್ಲುವುದಿಲ್ಲ ಎಂಬ ಮಾತು ಹಬ್ಬಿತು. ಗೋಡೆಗೆ ಸಾಮಾನು ಕೂಡಿಸುವವನಿಗೆ ಇದಕ್ಕಿಂತ ಕೆಟ್ಟ ಮಾತಿಲ್ಲ.

ಆ ಮಾತು ಶೇಖರಮ್ಮನ ಕಿವಿಗೂ ಬಿತ್ತು. ಇಷ್ಟು ದಿನ ಅವನ ಮೇಲಿದ್ದ ತಾತ್ಸಾರವೆಲ್ಲ ಈಗ ತನ್ನ ಮೇಲೇ ತಿರುಗಿತ್ತು. ಪೊಳ್ಳು ಯಾವುದೆಂದು ಅವಳಿಗೆ ಗೊತ್ತಾಗಿತ್ತು. ಅಪ್ಪನಿಗೆ ನಿಜ ಹೇಳಿದಳು. ಆದದ್ದಾಯಿತು, ಮನೆತನದ ಮಾನ ಹರಾಜು ಹಾಕಬೇಡ ಎಂದು ಅವನು ಗದರಿದ. ಅಂಥ ಮಾನವನ್ನು ಕಟ್ಟಿಕೊಂಡು ಏನು ಮಾಡುವುದು? ಮರುದಿನ ಬೆಳಿಗ್ಗೆ ಮಸ್ಕಿ ಬಸ್ಸು ಹತ್ತಿದಳು.

ಅಂಗಡಿಯಲ್ಲಿ ಬಳಗಾನೂರಿನ ಬಾಬುಸಾಬ್ ಕೂತಿದ್ದ. ಪರದೆಯ ಸರಳು ಕೂಡಿಸಲು ಬೇರೆಯವರನ್ನು ಕರೆಯುತ್ತೇನೆ ಎಂದು ಹೇಳಿಹೋಗಲು ಬಂದವನು. ಶೇಖರಮ್ಮ ಅವನ ಎದುರಿಗೇ ಕೈ ಮುಂದೆ ಚಾಚಿ ಗಾಯ ತೋರಿಸಿದಳು.

“ಇವರ ಗೂಟ ಬಿದ್ದಿಲ್ರಿ. ಹಸಿ ಇದ್ದಾಗ ನಾನಾ ಕಿತ್ತೀನಿ. ಸುಳ್ಳೂ ನಾನಾ ಹೇಳೀನಿ.”

ಬಾಬುಸಾಬ್ ಇಬ್ಬರ ಮುಖವನ್ನೂ ನೋಡಿದ. ಹಾಗಾದರೆ ಶುಕ್ರವಾರ ಬಂದುಬಿಡು ಎಂದು ಜಂಬಣ್ಣನಿಗೆ ಹೇಳಿ ಎದ್ದುಹೋದ.

“ಗೊತ್ತಿದ್ದೂ ಯಾಕ ಸುಮ್ನಿದ್ದಿರಿ?” ಶೇಖರಮ್ಮ ಕೇಳಿದಳು. ‘ನೀ’ ಎನ್ನುವ ನಾಲಿಗೆ ತಾನಾಗಿಯೇ ಬದಲಾಗಿತ್ತು.

ಜಂಬಣ್ಣ ಗಲ್ಲಾಪೆಟ್ಟಿಗೆಯ ಖಾನೆ ಎಳೆದ. ಒಳಗಿದ್ದ ಕಾಗದದ ಪೊಟ್ಟಣ ಬಿಚ್ಚಿದ. ಹಸಿರು ಬಳೆಯ ಚೂರುಗಳಿದ್ದವು.

“ಆವತ್ತು ಜಲ್ದಿ ಬಿಗಿಯೋ ಸಿಮೆಂಟು ಹಾಕಿದ್ರ ಎರಡು ದಿನಾ ಸಾಕಾಗ್ತಿತ್ರಿ,” ಎಂದ ತಲೆ ತಗ್ಗಿಸಿ. “ನಾಕು ದಿನದ್ದು ಹಾಕಿ ನಾಕು ಬೇಕಾ ಬೇಕು ಅಂದದ್ದು… ದಿನಾ ಬರಾಕ. ಆ ಎರಡು ದಿನದ ಆಸಿಗೆ ನಿಮ್ಮ ಕೈ ಹರೀತು. ಅದಕ್ಕ ತಪ್ಪು ನಂದಂದೆ.”

ಅವಳಿಗೆ ಅಳು, ನಗು ಒಟ್ಟಿಗೇ ಬಂದವು. ಸುಳ್ಳು ಇವನದೂ ಒಂದಿತ್ತು!

“ಗೋಡಿ ಹಂಗಾ ತೂತು ಬಿದ್ದೈತಿ,” ಎಂದಳು ಕಣ್ಣೊರೆಸಿಕೊಂಡು. “ನಾಳಿ ಬರ್ರಿ. ಮೊದಲು ಅಪ್ಪನ ಕೂಡ ಮಾತಾಡ್ರಿ.”

“ಈ ಸಲ ಎಷ್ಟು ದಿನ ಹೇಳ್ಲಿರಿ?”

ಶೇಖರಮ್ಮ ಬಳೆಯ ಚೂರುಗಳನ್ನು ಮತ್ತೆ ಕಾಗದದಲ್ಲಿ ಸುತ್ತಿ ಅವನ ಅಂಗೈಯಲ್ಲಿಟ್ಟಳು.

“ಗೂಟ ಹೊಡ್ಕೊಂಡು ಕೂತುಬಿಡ್ರಿ.”