ಒಡೆಯದ ಮಾದರಿ

"ಆ ಮಾದರೀನ ಒಡೆದುಬಿಡಿ ಅಳಿಯಂದ್ರೇ, ಕೈ ಮುಗೀತೀನಿ. ಇದು ಆಟ ಅಲ್ಲ."

ಮುದುಕ ನಿಜಕ್ಕೂ ಕೈ ಮುಗಿದು ನಿಂತಿದ್ದ. ಆ ಕಂದರದ ಊರಿನ ಅರ್ಧ ಮನೆಗಳನ್ನು ಕಟ್ಟಿದ ಹಿರಿಯ ವಾಸ್ತುಶಿಲ್ಪಿ ಅವನು. ಅಳಿಯನಿಗೆ ಮಾವ ಮಾತ್ರವಲ್ಲ, ಕಸುಬು ಕಲಿಸಿದ ಗುರುವೂ ಹೌದು. ಅಳಿಯ ನಕ್ಕುಬಿಟ್ಟ. "ಯಾವತ್ತೋ ಸತ್ತ ಹೆಂಗಸಿಗೆ ಹೆದರಿ ಮಣ್ಣು ಒಡೆಯೋದಾ ಮಾವ? ನಮ್ಮೂರಲ್ಲಿ ಹೇಳಿದ್ರೆ ಹೊಟ್ಟೆ ಹುಣ್ಣಾಗೋ ಹಾಗೆ ನಗ್ತಾರೆ."

ಅವನ ಊರು ಮೇಲೆ, ಬಯಲಿನಲ್ಲಿ. ಇದೋ, ಭೂಮಿ ಬಾಯಿಬಿಟ್ಟ ಬಿರುಕಿನ ತಳದಲ್ಲಿ ಕೂತ ಊರು. ನಡುಮಧ್ಯಾಹ್ನ ಒಂದಿಷ್ಟು ಹೊತ್ತು ಬಿಸಿಲು ಇಣುಕಿ ಹೋದರೆ ಮುಗಿಯಿತು. ಉಳಿದ ಹಗಲೆಲ್ಲ ದೀಪ, ಎಣ್ಣೆಹೊಗೆ, ಒಣಗದ ಬಟ್ಟೆಯ ಮುಗ್ಗಲು ವಾಸನೆ. ಮದುವೆಯಾಗಿ ಬಂದು ಇಷ್ಟು ವರ್ಷವಾದರೂ ಊರವರ ಬಾಯಲ್ಲಿ ಅವನು ಬರೀ 'ಅಳಿಯ'. ಹೆಂಡತಿ ಹೆರಿಗೆಯಲ್ಲೇ ಹೋದಳು. ಉಳಿದವಳು ಮಗಳು ಗುಬ್ಬಿ. ಬಿಸಿಲು ಕಾಣದೆ ಮೂಳೆ ಮೆತ್ತಗಾಗಿ, ಗೋಡೆ ಹಿಡಿದು ನಡೆಯುವ ಹುಡುಗಿ. ಅವಳಿಗಾಗಿಯೇ ಅವನಿಗೆ ಆ ಗೋಪುರ ಹೊಳೆದದ್ದು: ಕಂದರದ ಅಂಚನ್ನೂ ದಾಟಿ ಏರುವ ಗೋಪುರ, ತುದಿಯ ಕೋಣೆಯಲ್ಲಿ ದಿನವಿಡೀ ಬಿಸಿಲು. ಮೆಟ್ಟಿಲೇ ಇಲ್ಲದ ಸುತ್ತುದಾರಿ, ಅವಳ ಕೈಯೆತ್ತರಕ್ಕೆ ಸರಿಯಾಗಿ ಕಂಬಿ. ಅಂಥದ್ದನ್ನು ಆ ಊರಲ್ಲಿ ಯಾರೂ ಕನಸಿನಲ್ಲೂ ಕಂಡಿರಲಿಲ್ಲ.

ಅಲ್ಲಿಯ ಪದ್ಧತಿ ಹೀಗೆ: ಊರ ಹೊಂಡದ ಮಣ್ಣಿನಲ್ಲಿ ಮೊದಲು ಮಾದರಿ ಮಾಡುತ್ತಾರೆ, ಅದೇ ಮಣ್ಣಿನಲ್ಲಿ ಆಮೇಲೆ ಇಟ್ಟಿಗೆ ಸುಡುತ್ತಾರೆ. ಪಾಯ ತೋಡುವ ದಿನ ಮಾದರಿಯನ್ನು ಎಲ್ಲರೆದುರು ಪುಡಿಮಾಡಿ ಪಾಯಕ್ಕೆ ಸುರಿಯಬೇಕು. ಹಿಂದೆ ಯಾವನೋ ಶಿಲ್ಪಿ ಅವಸರ ಮಾಡಿ, ಮಣ್ಣು ಅಗೆಯುವ ಹೆಂಗಸನ್ನು ಹಸಿ ಹೊಂಡಕ್ಕೆ ಇಳಿಸಿದನಂತೆ. ಮಂತ್ರ ಬಲ್ಲವಳು. ಹೊಂಡ ಕುಸಿದು ಕುತ್ತಿಗೆಯವರೆಗೆ ಹೂತಾಗ, ಬಾಯಿಗೆ ಮಣ್ಣು ತುಂಬುವ ಮೊದಲು ಶಾಪ ಹಾಕಿದಳಂತೆ: "ಈ ಮಣ್ಣಲ್ಲಿ ಎರಡು ಮನೆ ಇಟ್ಟುಕೊಂಡವನಿಗೆ ಎರಡೂ ದಕ್ಕದಿರಲಿ. ಅವನು ಹೆತ್ತದ್ದು ಒಂದರೊಳಗೆ ಹೋದರೆ ಇನ್ನೊಂದರಲ್ಲಿ ಸಿಗಲಿ." ಊರವರಿಗೆ ಮಾದರಿಯೂ ಒಂದು ಮನೆಯ ಲೆಕ್ಕವೇ, ಅದಕ್ಕೇ ಒಡೆಯುವುದು.

ಹೆತ್ತವರಿಗೆ ಹೆಗ್ಗಣ ಮುದ್ದು ಅಂತಾರೆ. ಇವನ ಮಾದರಿಯೋ ಯಾರ ಕಣ್ಣಿಗೂ ಮುದ್ದೇ. ಒಡೆಯಲು ಕೈ ಬರಲಿಲ್ಲ. ಗೋಪುರವನ್ನು ನೋಡುವವರು ಕಂದರದವರು, ಅಂಚಿನ ದಾರಿಹೋಕರು ಅಷ್ಟೇ. ಮಾದರಿಯಾದರೆ ಬಯಲಿನ ನಗರಗಳಿಗೆ ಹೊತ್ತೊಯ್ಯಬಹುದು, 'ಅಳಿಯ' ಎಂಬ ಹಣೆಪಟ್ಟಿ ಕಳಚಬಹುದು. ಹಾಗಾಗಿ ಗುಟ್ಟಾಗಿ ಒಂದು ನಕಲಿ ಮಾಡಿದ. ಪಾಯದ ದಿನ ಅದನ್ನು ಬಟ್ಟೆ ಸುತ್ತಿ ತಂದು ಮಾವನ ಕಣ್ಣೆದುರೇ ಸುತ್ತಿಗೆಯಿಂದ ಒಡೆದ. ಮುದುಕ ಕಣ್ಣೊರೆಸಿಕೊಂಡು ಅವನ ಬೆನ್ನು ತಟ್ಟಿದ. ಅಸಲಿ ಮಾದರಿ ಕೆಲಸದ ಕೋಣೆಯ ಮೂಲೆಯಲ್ಲಿ ಮುಸುಕು ಹಾಕಿಕೊಂಡು ಕೂತಿತ್ತು. ಎಂಥಾ ಬುದ್ಧಿವಂತ! ಇಂಥ ಬುದ್ಧಿ ಶತ್ರುವಿಗೂ ಬೇಡ.

ಗೋಪುರ ಏರಿತು. ಅಲ್ಲಿ ಸುಣ್ಣ ಬಳಿದ ದಿನ ಇಲ್ಲಿ ಮುಸುಕಿನೊಳಗಿಂದ ಹಸಿ ಸುಣ್ಣದ ವಾಸನೆ ಬಂತು. ಅಲ್ಲಿ ತೊಲೆ ಬಿದ್ದರೆ ಇಲ್ಲಿ ಟಿಕ್ಕೆಂದು ಸದ್ದು. ಇಲಿ ಇರಬೇಕು ಅಂದುಕೊಂಡ. ಇಲಿ ಸುಣ್ಣ ಬಳಿಯುತ್ತದೆಯೇ ಎಂದು ಯೋಚಿಸುವಷ್ಟು ಪುರುಸೊತ್ತು ಅವನಿಗಿರಲಿಲ್ಲ.

ಬಾಗಿಲು ತೆರೆಯುವ ದಿನ ಬೆಳಿಗ್ಗೆ ಗುಬ್ಬಿ ಹಟ ಹಿಡಿದಳು. "ನಾನೊಬ್ಳೇ ಮೊದಲು ಹೋಗೋದು. ಬಿಸಿಲು ಹೆಂಗಿದೆ ಅಂತ ಮೇಲಿಂದ ಕೂಗಿ ಹೇಳ್ತೀನಿ."

"ಹುಷಾರು ಕಣೇ," ಅಂದ. ಕಂಬಿ ಹಿಡಿದು, ಕಾಲೆಳೆಯುತ್ತ, ನಗುತ್ತ ತಿರುವಿನಲ್ಲಿ ಮರೆಯಾದಳು. ಊರೆಲ್ಲ ತಲೆಯೆತ್ತಿ ಕಾಯಿತು. ಕೂಗು ಬರಲಿಲ್ಲ.

ಅವನು ಓಡುತ್ತ ಹತ್ತಿದ. ತುದಿಯ ಕೋಣೆಯಲ್ಲಿ ಬಿಸಿಲು ತುಂಬಿ ತುಳುಕುತ್ತಿತ್ತು. ಮಗಳಿರಲಿಲ್ಲ. ಇಳಿಯಲು ಬೇರೆ ದಾರಿಯೇ ಇರಲಿಲ್ಲ.

ಕೆಳಗೆ ಬಂದಾಗ ಮಾವನ ಮುಖ ಬಿಳುಚಿಕೊಂಡಿತ್ತು. "ಅಳಿಯಂದ್ರೇ... ಅವತ್ತು ಒಡೆದಿದ್ದು ಅದೇ ಅಲ್ವಾ?"

ಅಳಿಯ ಮನೆಯತ್ತ ಓಟ ಕಿತ್ತ.

ಕೆಲಸದ ಕೋಣೆ ಗವ್ವೆನ್ನುವ ಕತ್ತಲು. ದೀಪ ಹಚ್ಚುವ ಮೊದಲೇ ಮೂಗಿಗೆ ಬಡಿಯಿತು, ಆಗಷ್ಟೇ ಅಗೆದ ಹೊಂಡದ ಹಸಿ ನಾತ. ದೀಪ ಹಚ್ಚಿ ಮುಸುಕು ಎಳೆದ. ಮಾದರಿಯ ಸುತ್ತುದಾರಿಯಲ್ಲಿ ಏನೋ ಕದಲಿತು. ಹೆಬ್ಬೆರಳಿಗಿಂತ ಚಿಕ್ಕದು. ಗೋಡೆ ಹಿಡಿದು ನಡೆಯುತ್ತಿತ್ತು.

"ಗುಬ್ಬೀ!"

ಅವನ ದನಿಗೆ ಮಾದರಿ ಗಡಗಡ ನಡುಗಿತು. ಅವಳು ಕಿವಿ ಮುಚ್ಚಿಕೊಂಡು ಚೀರಿದಳು. ಅವನು ಕಿಟಕಿಯಲ್ಲಿ ಬೆರಳು ತೂರಿಸಿದ. ಅವಳು ಹಿಂದೆ ಸರಿದಳು. ಇನ್ನಷ್ಟು ತೂರಿಸಿದ. ಸುತ್ತುದಾರಿಯ ತುಂಡೊಂದು ಕಳಚಿಬಿತ್ತು. ಹೊರಗೆ ಗೋಪುರ ಗುಡುಗಿತು, ಜನ ಹೋ ಎಂದು ಕಿರುಚಿದರು. ಅವಳು ಬಿದ್ದಳು. ಎದ್ದಳು. ಮತ್ತೆ ಬಿದ್ದಳು. ತೆವಳಿದಳು. ತುದಿಯ ಕೋಣೆ ಸೇರಿಬಿಟ್ಟಳು. ಅಲ್ಲಿಗೆ ಅವನ ಬೆರಳು ಹೋಗದು.

ಸುತ್ತಿಗೆ ಎತ್ತಿದ.

"ಬೇಡಾ!" ಬಾಗಿಲಲ್ಲಿ ಮಾವ, ಏದುಸಿರು ಬಿಡುತ್ತ. "ಈಗ ಒಡೆದ್ರೆ ಎರಡೂ ಬೀಳುತ್ತೆ. ಮಗು ಒಳಗಿದೆ."

"ಮತ್ತೇನು ಮಾಡ್ಲಿ ಮಾವ? ಹೇಳಿ, ಏನು ಮಾಡ್ಲಿ?"

ಮುದುಕ ಹೊಸ್ತಿಲ ಮೇಲೆ ಕುಸಿದ. "ಒಡೀಬೇಕಾದಾಗ ಒಡೀಲಿಲ್ಲವಲ್ಲಪ್ಪ..." ಎಂದು ಹಣೆ ಹಣೆ ಚಚ್ಚಿಕೊಂಡ.

ಅಳಿಯ ದೀಪ ಹಿಡಿದು ಮಾದರಿಯ ತುದಿಯ ಕಿಟಕಿಗೆ ಕಣ್ಣಿಟ್ಟ. ಮೂಲೆಯಲ್ಲಿ ಮುದುಡಿ ಕೂತಿದ್ದಳು.

"ಅಪ್ಪಾ! ಎಲ್ಲಿದೀಯ ಅಪ್ಪಾ? ಏನೋ ದೊಡ್ಡದು ಬಂದಿದೆ. ಕಣ್ಣು ಬಿಟ್ಕೊಂಡು ನನ್ನೇ ನೋಡ್ತಿದೆ!"

"ನಾನೇ ಕಣೇ..." ಅವನ ಉಸಿರು ಕಿಟಕಿಯೊಳಗೆ ನುಗ್ಗಿತು. ಮಣ್ಣು ಎದ್ದಿತು. ಅವಳು ಉಸಿರುಗಟ್ಟಿ ಕೆಮ್ಮಿದಳು, ಅತ್ತಳು, ಅಪ್ಪಾ ಅಪ್ಪಾ ಎಂದು ಕೂಗಿದಳು.

ಅವನು ಬಾಯಿ ಮುಚ್ಚಿಕೊಂಡ. ಹಿಂದೆ ಸರಿದ. ಮತ್ತೂ ಸರಿದ. ಬೆನ್ನಿಗೆ ಗೋಡೆ ತಾಗಿತು. ದೀಪ ಆರಿಸಿದ. ಉಸಿರು ಬಿಗಿಹಿಡಿದ. ಅಳು ನಿಂತಿತು.

"ಅಪ್ಪಾ," ಎಂದು ಕತ್ತಲಲ್ಲಿ ಪಿಸುಗುಟ್ಟಿದಳು. "ಅದು ಹೋಯ್ತು. ಈಗ ಬಾ."