ಪೇಟಿ ಮಾಸ್ತರನ ಕಿವಿ

"ಏನ್ರಿ ಮಾಸ್ತರ, ಬೆರಳು ಜಾರ್ಯಾವೇನು?"

ಕೊಟ್ಟೂರಿನಿಂದ ನಾಯಕಿ ಪಾತ್ರಕ್ಕೆ ಬಂದಿದ್ದ ಗಂಗಾಂಬಿಕಾ, ಜಂಬುನಾಥನಿಗೆ ಆಡಿದ ಮೊದಲ ಮಾತೇ ಇದು. ಇಟ್ಟಿಗಿಯ ಸಮುದಾಯ ಭವನದಲ್ಲಿ ನಾಟಕದ ತಾಲೀಮು ಆಗಷ್ಟೇ ಶುರುವಾಗಿತ್ತು.

ಹಾರ್ಮೋನಿಯಂ ಮುಂದೆ ಕೂತಿದ್ದ ಜಂಬುನಾಥ ತಲೆ ಎತ್ತಿದ. ಹಡಗಲಿ ಸುತ್ತ ಯಾವ ಹಳ್ಳಿಯಲ್ಲಿ ನಾಟಕವಾದರೂ ಪೇಟಿ ಮಾಸ್ತರ ಅವನೇ. ಹಾಡು ಕಲಿಸುವವನು ಅವನು, ಪಾತ್ರ ಕೊಡುವವನು ಅವನು, ಬೇಡವೆಂದರೆ ಕಿತ್ತುಹಾಕುವವನೂ ಅವನೇ. ಅಂಥವನನ್ನು ಎಲ್ಲರೆದುರು ಕೆಣಕಿದ್ದಳು.

"ಜಾರಿಲ್ಲ. ಮೂರು ಸ್ವರದ ಮನಿ ಕೂಡಿಸಿ ಒತ್ತೀನಿ. ಫ್ರಾನ್ಸಿನ ಮಂದಿ ಹಿಂಗ ನುಡಿಸ್ತಾರ."

"ಅವ್ರಿಗೂ ನಮ್ಮ ಪೇಟಿಗೂ ಏನ್ ಸಂಬಂಧ್ರಿ?"

"ಪೇಟಿ ಹುಟ್ಟಿದ್ದ ಪ್ಯಾರಿಸ್‌ನ್ಯಾಗ. ಮಾತು ಸಾಕು, ಹಾಡು."

ಹಾಡಿದಳು. ದನಿ ಮೇಲೇರಿ ಅಲ್ಲೇ ನಿಂತಿತು. ಮಾಸ್ತರ ಪೇಟಿಗೆ ಗಾಳಿ ಹಾಕುವುದನ್ನೇ ಮರೆತ.

"ಪೇಟಿ ಉಸಿರು ನಿಂತೈತಿ ನೋಡಪಾ," ಎಂದು ತಾಯಿ ಪಾತ್ರದ ದ್ಯಾಮಕ್ಕ ನಕ್ಕಳು. ಗಂಗಾ ನಾಚಿದಳು. ಅಯ್ಯೋ, ಅಲ್ಲಿಗೇ ಎದ್ದು ಕೊಟ್ಟೂರಿನ ಬಸ್ಸು ಹತ್ತಿದ್ದರೆ ಎಷ್ಟು ಚೆನ್ನಾಗಿತ್ತು...

ಪ್ರೀತಿ ಎಲ್ಲರಿಗೂ ಹೂವಿನಿಂದ ಶುರುವಾದರೆ ಇವರಿಗೆ ಸಾವಿನಿಂದ ಶುರುವಾಯಿತು. ಚಹಾದ ಹೊತ್ತಿಗೆ ಜಂಬುನಾಥ ಇಯರ್‌ಫೋನಿನ ಒಂದು ತುದಿ ಅವಳ ಕಿವಿಗೆ ಕೊಟ್ಟು, ಫ್ರಾನ್ಸಿನ ಸಂಗೀತಗಾರರ ಕತೆ ಹೇಳುತ್ತಿದ್ದ. ತಾಳ ಹಾಕುವ ಕೋಲಿನಿಂದ ತನ್ನ ಕಾಲಿಗೇ ಹೊಡೆದುಕೊಂಡ ಲುಲ್ಲಿ. ಗಾಯ ಕೊಳೆತರೂ, ಕುಣಿಯುವ ಕಾಲನ್ನು ಕತ್ತರಿಸಲು ಬಿಡದೆ ಸತ್ತ. ಸಂಗೀತ ನಾಟಕ ಬಿದ್ದುಹೋಯಿತೆಂದು ಕೊರಗುತ್ತಲೇ ತೀರಿಕೊಂಡ ಬಿಜೆ. ಜಗತ್ತು ಅವನ ಆ ನಾಟಕವನ್ನು ತಲೆ ಮೇಲೆ ಹೊತ್ತದ್ದು ಆಮೇಲೆ.

"ಅವ್ರಾಗ ಸುಖವಾಗಿದ್ದವ್ರು ಒಬ್ರೂ ಇಲ್ಲೇನ್ರಿ?"

"ಇದ್ದಾರು. ಅವ್ರ ಕತಿ ಕೇಳಿ ನಿನಗೇನಾಗ್ಬೇಕೈತಿ?"

ಒಂದು ಸಂಗೀತವನ್ನು ಮಾತ್ರ ಅವನು ಮತ್ತೆ ಮತ್ತೆ ಹಚ್ಚುತ್ತಿದ್ದ. ಶಾಂತವಾದದ್ದು, ಅಳು ಬರಿಸುವಂಥದ್ದು.

"ಇದು ಯಾರ್ದ್ರಿ?"

"ಫೋರೆ ಅಂತ."

"ಅವ ಹೆಂಗ ಸತ್ತ?"

ಜಂಬುನಾಥ ಇಯರ್‌ಫೋನ್ ಕಿತ್ತುಕೊಂಡ. "ಅವನ ಕತಿ ಬ್ಯಾಡ."

ಗಂಗಾ ಸಿಟ್ಟಾಗಲಿಲ್ಲ. 'ಗಂಡಸಿಗೂ ಒಂದು ಗುಟ್ಟು ಇರಲಿ' ಎಂದುಕೊಂಡಳು ಪೆದ್ದಿ. ನಾಟಕ ಮುಗಿದ ಮರುದಿನವೇ ಕೊಟ್ಟೂರಿಗೆ ಬಂದು ಅವಳ ಅಪ್ಪನ ಹತ್ತಿರ ಮಾತಾಡುತ್ತೇನೆಂದು ಅವನು ಹೇಳಿದ್ದ. ಅಷ್ಟು ಸಾಕಾಗಿತ್ತು ಅವಳಿಗೆ.

ಕೊನೆಯ ತಾಲೀಮಿನ ದಿನ ಮೈಕು ಕಟ್ಟಿದ್ದರು. ನಾಟಕ ಮಾಡಿಸುತ್ತಿದ್ದ ಗುರುಸಂಗಪ್ಪ ಮುಂದಿನ ಕುರ್ಚಿಯಲ್ಲಿ, ಅರ್ಧ ಊರು ಅವನ ಹಿಂದೆ. ಗಂಗಾ ಹಾಡು ಎತ್ತಿದಳು. ದನಿ ಮೇಲೇರಿತು.

"ಇಳೀತು," ಎಂದ ಜಂಬುನಾಥ.

ಮತ್ತೆ ಹಾಡಿದಳು.

"ಮತ್ತ ಇಳೀತು."

ಮತ್ತೆ ಹಾಡಿದಳು. ಜಂಬುನಾಥ ಪೇಟಿಯನ್ನು ಪಟ್ಟನೆ ಮುಚ್ಚಿ ಮೈಕಿನಲ್ಲೇ ಕೇಳಿದ, "ಸ್ವರ ಇಲ್ಲದಾಕಿನ್ನ ಯಾರು ಕರ್ಕೊಂಡು ಬಂದ್ರು ಇಲ್ಲಿಗೆ?"

ಹಿಂದೆ ಯಾರೋ ಕಿಸಕ್ಕೆಂದರು. ಆಮೇಲೆ ಎಲ್ಲರೂ ನಕ್ಕರು.

"ನನ್ನ ಕಿವಿಗೆ ಸರಿ ಐತಲ್ಲಪಾ," ಎಂದಳು ದ್ಯಾಮಕ್ಕ.

"ಮಾಸ್ತರ ನೀನೋ, ನಾನೋ?"

ಗುರುಸಂಗಪ್ಪ ಕೈ ಬೀಸಿದ. "ಮಾಸ್ತರು ಅಂದ ಮ್ಯಾಲ ಮುಗೀತವ್ವ. ಮೇಕಪ್ ಪೆಟಿಗಿ ತಗೊಂಡು ನಡಿ."

ಗಂಗಾ ಜಂಬುನಾಥನ ಮುಖ ನೋಡಿದಳು. ಅವನು ಪೇಟಿಯ ಮೇಲಿನ ಧೂಳು ಒರೆಸುತ್ತಿದ್ದ.

ಪೇಟಿ ಮಾಸ್ತರನ ಬಾಯಿಂದ ಬಿದ್ದ ಮಾತು ಊರೂರು ಸುತ್ತುತ್ತದೆ. ಕೂಡ್ಲಿಗಿಯಲ್ಲಿ ಒಪ್ಪಿದ್ದ ನಾಟಕ ತಪ್ಪಿತು, ಹರಪನಹಳ್ಳಿ ಕಡೆಯವರು ಫೋನ್ ಎತ್ತಲಿಲ್ಲ. ಗಂಗಾ ಕೊಟ್ಟೂರಿನಲ್ಲಿ ಸೀರೆ ಅಂಗಡಿಗೆ ಕೆಲಸಕ್ಕೆ ಸೇರಿದಳು. ಅವಳಿಗೆ ತನ್ನ ದನಿಯ ಮೇಲೇ ಅನುಮಾನ ಹುಟ್ಟಿತು. ಹಾಡಲು ಬಾಯಿ ತೆರೆದರೆ 'ಇಳೀತು' ಎನ್ನುವುದೇ ಕೇಳಿಸುತ್ತಿತ್ತು. ಪಾತ್ರೆ ತೊಳೆಯುವಾಗ ಗುನುಗುವುದನ್ನೂ ಬಿಟ್ಟಳು.

'ನಾಟಕದಾಕಿ ಅಂತ ನಾಚಿಕಿ ಆಯ್ತೇನೋ. ಮದುವಿ ಮಾತು ತಪ್ಪಿಸ್ಕೊಳ್ಳಾಕ ನನ್ನ ದನೀನ ಕೊಲ್ಲಬೇಕಿತ್ತಾ...' ಎಂದು ದಿಂಬು ಕಚ್ಚಿ ಅತ್ತಳು. ಅತ್ತು ಸಾಕಾದ ಮೇಲೆ ದ್ವೇಷ ಬಂತು. ದ್ವೇಷ ಬಂದದ್ದು ಒಳ್ಳೆಯದೇ ಆಯಿತು. ಅವನು ಬೇಡವೆಂದ ಕತೆಯನ್ನು ಹಟಕ್ಕೆ ಬಿದ್ದು ಮೊಬೈಲಿನಲ್ಲಿ ಹುಡುಕಿದಳು.

ಗೇಬ್ರಿಯಲ್ ಫೋರೆ. ಪ್ಯಾರಿಸ್ಸಿನ ದೊಡ್ಡ ಸಂಗೀತ ಶಾಲೆಗೆ ಮುಖ್ಯಸ್ಥ. ಕಿವಿ ಕೆಟ್ಟಿತು. ಬರೀ ಕಿವುಡಾಗಿದ್ದರೆ ಹೇಗೋ ತಡೆದುಕೊಳ್ಳಬಹುದಿತ್ತು. ಅವನಿಗೆ ಕೆಳಗಿನ ಸ್ವರ ಮೇಲೆ ಸರಿದು, ಮೇಲಿನ ಸ್ವರ ಕೆಳಗೆ ಇಳಿದು ಕೇಳಿಸುತ್ತಿತ್ತು. ಸಂಗೀತವೇ ಹಿಂಸೆ. ಹುದ್ದೆ ಹೋದೀತೆಂದು ಅದನ್ನು ಮುಚ್ಚಿಟ್ಟುಕೊಂಡೇ ಬದುಕಿದ.

ಗಂಗಾ ಆ ಸಾಲನ್ನು ಮತ್ತೆ ಓದಿದಳು. ಮೇಲಿನ ಸ್ವರ ಕೆಳಗೆ... ಜಂಬುನಾಥ ಇಳೀತು ಅಂದದ್ದು ಬರೀ ಮೇಲಿನ ಸ್ವರಕ್ಕೆ. ನಡುವಿನದಕ್ಕೆ ಒಮ್ಮೆಯೂ ಅಂದಿರಲಿಲ್ಲ!

ದ್ಯಾಮಕ್ಕನಿಗೆ ಫೋನ್ ಮಾಡಿದಳು. ಹಡಗಲಿಯಲ್ಲಿ ಹೊಸ ನಾಟಕದ ತಾಲೀಮು ನಡೆದಿದೆಯೆಂದೂ, ಮಾಸ್ತರ ಅವನೇ ಎಂದೂ ತಿಳಿಯಿತು. ಮರುದಿನ ಅಂಗಡಿಗೆ ರಜೆ ಹಾಕಿ ಬಸ್ಸು ಹತ್ತಿದಳು.

ಅವಳು ಬಾಗಿಲಲ್ಲಿ ನಿಂತಾಗ ಒಳಗೆ ಭೂಮಿಕಾ ಎಂಬ ಎಳೆಯ ಹುಡುಗಿ ಮೈಕಿನ ಮುಂದೆ ನಿಂತು ಅಳುತ್ತಿದ್ದಳು. ಜಂಬುನಾಥ ಹೇಳುತ್ತಿದ್ದ, "ಮತ್ತ ಇಳೀತು ನೋಡು."

ಬರುವ ದಾರಿಯಲ್ಲಿ ಒಂದಿಷ್ಟು ಕರಗಿದ್ದ ಗಂಗಾಳ ಮನಸ್ಸು ಕಲ್ಲಾಯಿತು. ನೆಟ್ಟಗೆ ಹೋಗಿ ಪೇಟಿಯನ್ನು ಅವನ ಮುಂದಿನಿಂದ ಎಳೆದುಕೊಂಡಳು.

"ಮಾಸ್ತರ, ಆ ಕಡಿ ತಿರುಗ್ರಿ. ನಾ ಒಂದು ಮನಿ ಒತ್ತೀನಿ. ಯಾವ್ದಂತ ಹೇಳ್ರಿ."

ಈ ನಾಟಕವನ್ನೂ ಮಾಡಿಸುತ್ತಿದ್ದ ಗುರುಸಂಗಪ್ಪ ಎದ್ದು ನಿಂತ. "ಏನವ್ವ ನಿಂದು?"

"ಮಾಸ್ತರಿಗೆ ಕಣ್ಣು ಮುಚ್ಚಿದ್ರೂ ಗೊತ್ತಾಗ್ಬೇಕಲ್ರಿ, ಯಜಮಾನ್ರ. ಹೇಳ್ಲಿ ಬಿಡ್ರಿ."

ಜಂಬುನಾಥನ ಮುಖ ಬಿಳಿಚಿತು. ಸಿಟ್ಟು ಮಾಡಿ ಅವಳನ್ನು ಹೊರಗೆ ಅಟ್ಟಬಹುದಿತ್ತು. ಅವಳ ಕಣ್ಣು ನೋಡಿದ. ಮೆಲ್ಲಗೆ ಬೆನ್ನು ತಿರುಗಿಸಿ ಕೂತ.

ಪೇಟಿಯ ಮೇಲಿನ ಸ್ವರಗಳ ತುದಿಯಲ್ಲಿದ್ದ ಆರನೇ ಬಿಳಿ ಮನೆ, ಬಿಳಿ ಆರನ್ನು ಗಂಗಾ ಎಲ್ಲರಿಗೂ ಕಾಣುವಂತೆ ಒತ್ತಿದಳು.

"ಬಿಳಿ ನಾಲ್ಕು," ಎಂದ, ಎರಡು ಮನೆ ಕೆಳಗಿನದನ್ನು.

'ಆರಲ್ಲೇನು?' ಎಂದು ಹಿಂದೆ ಯಾರೋ ಪಿಸುಗುಟ್ಟಿದರು. ಅವನಿಗೆ ಅಷ್ಟೇ ಸಾಕಾಯಿತು. ಎದ್ದು ಬಂದು ಮೈಕನ್ನು ತಾನೇ ಬಾಯಿಗೆ ಎಳೆದುಕೊಂಡ.

"ಇಳಿದದ್ದು ನನ್ನ ಕಿವಿ. ಈ ಹುಡುಗೀದು ಸರಿ ಐತಿ. ಗಂಗಾಂಬಿಕಾಂದು ಒಂದಿನಾನೂ ಇಳಿದಿಲ್ಲ. ದಾವಣಗೇರಿ ಡಾಕ್ಟರು ಇದಕ್ಕ ಔಷಧ ಇಲ್ಲ ಅಂದಿದ್ರು. ಇಟ್ಟಿಗ್ಯಾಗ ಅಕಿನ್ನ ಕಳಿಸೋ ಮೊದಲ ನನಗ ಗೊತ್ತಿತ್ತು."

ಗೊತ್ತಿತ್ತು! ಗಂಗಾಳ ಎದೆಗೆ ಒದ್ದಂತಾಯಿತು. ಗೊತ್ತಿಲ್ಲದೆ ಮಾಡಿದ್ದಾನೆಂದು ದಾರಿಯುದ್ದಕ್ಕೂ ಆಸೆಪಟ್ಟುಕೊಂಡು ಬಂದಿದ್ದಳಲ್ಲ...

"ಪೇಟಿ ಇಟ್ಟು ನಡಿ," ಎಂದ ಗುರುಸಂಗಪ್ಪ. ಇಷ್ಟು ವರ್ಷ ಬಹುವಚನದಲ್ಲಿ ಮಾತಾಡಿಸುತ್ತಿದ್ದವನು. "ಕಿವುಡನ ಕೈಯಾಗ ನಾಟಕ ಕೊಟ್ಟು ನಾ ನಗಪಾಟಲಾಗ್ಲಾ?"

ಹುಡುಗರು ಈಗ ಅವನನ್ನು ನೋಡಿ ನಕ್ಕರು. ಗಂಗಾ ತಡೆಯಲಿಲ್ಲ. ಆ ನಗು ಪೂರ್ತಿ ಮುಗಿಯುವವರೆಗೂ ನಿಂತು ಕೇಳಿದಳು.

ಬಸ್ ಸ್ಟ್ಯಾಂಡಿನಲ್ಲಿ ಮಲ್ಲಿಗೆ ಬುಟ್ಟಿಗಳ ಪಕ್ಕದ ಕಟ್ಟೆಯ ಮೇಲೆ ಜಂಬುನಾಥ ಕೂತಿದ್ದ. ಗಂಗಾ ಹೋಗಿ ದೂರವೇ ಕೂತಳು.

"ಯಾಕ ಹಂಗ ಮಾಡಿದ್ರಿ?"

"ತಾಲೀಮು ನಡದಂಗ ಕಿವಿ ಕೆಡತಾ ಬಂತು, ನೀ ಮ್ಯಾಲ ಹೋದ್ರ ಪೇಟಿ ಹಿಡಿಯಾಕ ಆಗತಿರಲಿಲ್ಲ, ತಪ್ಪು ನಂದಂತ ಮಂದಿಗೆ ತಿಳೀತಿತ್ತು. ಕಿವಿ ಹೋಗೈತಿ ಅಂದ್ರ ಪೇಟಿ ಹೋಗತಿತ್ತು. ಪೇಟಿ ಇಲ್ಲದವ ನಿಮ್ಮಪ್ಪನ ಮುಂದ ಏನಂತ ನಿಂದ್ರಲಿ? ನಿನ್ನ ಕಳಕೊಂಡ್ರೂ ನಡೀತೈತಿ, ಪೇಟಿ ಹೋದ್ರ ನಡಿಯಂಗಿಲ್ಲ ಅನ್ಕೊಂಡೆ. ಎರಡೂ ಹೋದ್ವು."

"ನಾ ಹಾಡೋದ ಬಿಟ್ಟೆ ಗೊತ್ತೇನ್ರಿ? ನನ್ನ ದನಿ ನನಗ ಹೇಸಿಕಿ ಆತು."

ಅವನು ತಲೆ ತಗ್ಗಿಸಿದ. ಕ್ಷಮಿಸು ಎನ್ನಲು ಬಾಯಿ ತೆರೆದ. ಅವಳು ಬಿಡಲಿಲ್ಲ.

"ಅದೊಂದು ಬ್ಯಾಡ. ಕ್ಷಮಾ ಮಾಡಾಕ ನನಗ ಆಗಂಗಿಲ್ಲ. ಈಗ ನನ್ನ ದನಿ ಹೆಂಗ ಕೇಳಸ್ತೈತಿ, ಖರೇ ಹೇಳ್ರಿ."

"ಹೊಲಸು. ಮ್ಯಾಲ ಹೋದ್ರ ತಗಡು ಗೀರಿದಂಗ."

ಗಂಗಾಳ ಕಣ್ಣು ತುಂಬಿತು. ಈ ಗಂಡಸನ್ನು ಬಿಟ್ಟು ಹೋಗಲು ಬಸ್ಸು ಎದುರಿಗೇ ನಿಂತಿತ್ತು. ಕಾಲು ಮಾತ್ರ ಏಳಲಿಲ್ಲ. ಹಾಳಾದ ಪ್ರೀತಿ ದ್ವೇಷದ ಅಡಿಯಲ್ಲಿ ಇನ್ನೂ ಹಾಗೇ ಕೂತಿತ್ತು.

"ಹಂಗಾದ್ರ ನಮ್ಮಪ್ಪನ ಹಂತ್ಯಾಕ ಬರ್ರಿ. ನನ್ನ ಮದುವಿ ಆಗ್ರಿ. ನಾ ದಿನಾ ಹಾಡ್ತೀನಿ. ನೀವು ದಿನಾ ಮುಂದ ಕುಂತು ಕೇಳಬೇಕು. ಕಿವಿ ಮುಚ್ಚಂಗಿಲ್ಲ, ಎದ್ದು ಹೋಗಂಗಿಲ್ಲ."

ಜಂಬುನಾಥ ಅವಳನ್ನೇ ನೋಡಿದ. "ಇದು ಶಿಕ್ಷಾನೋ, ಪ್ರೀತಿನೋ?"

"ನನಗೂ ತಿಳೀವಲ್ದು."

"ಯಾವ್ದಾದ್ರೂ ಇರ್ಲಿ. ಬರ್ತೀನಿ."

ಹೂ ತುಂಬುತ್ತಿದ್ದವರು ತಿರುಗಿ ನೋಡಿದರೂ ಗಂಗಾ ಅಲ್ಲೇ ದನಿ ತೆಗೆದಳು. ಬಹಳ ದಿನದಿಂದ ಮುಚ್ಚಿದ್ದ ಗಂಟಲು ನಡುಗಿತು, ಆಮೇಲೆ ದಾರಿ ಹಿಡಿಯಿತು, ಮೇಲೇರಿ ನಿಂತಿತು. ಜಂಬುನಾಥನ ಮುಖ ನೋವಿನಿಂದ ಹಿಂಡಿಕೊಂಡಿತು. ಆದರೂ ಕಣ್ಣು ಅವಳ ಮುಖದಿಂದ ಕದಲಲಿಲ್ಲ.

ಹಾಡು ನಿಲ್ಲಿಸಿ, ಉಸಿರು ಬಿಗಿಹಿಡಿದು ಕೇಳಿದಳು.

"ಇಳೀತೇನ್ರಿ?"

"ಪೂರ್ತಿ ಇಳಿದಂಗ ಕೇಳಸ್ತು," ಎಂದು ಅವನು ಕಣ್ಣೊರೆಸಿಕೊಂಡ. "ಅಂದ್ರ ನೀ ಸರಿ ಹಾಡೀದಿ, ಗಂಗಾ."