'ಕ್ಲೀಷೆ'ಗೊಂದು ಉದಾಹರಣೆ

ನಿಘಂಟು ಕಚೇರಿಗೆ ಹೊಸದಾಗಿ ಬಂದ ಸಹಾಯಕನನ್ನು ನೋಡಿದ ಕೂಡಲೇ ಸಂಪಾದಕಿಯ ಮೈ ಉರಿದುಹೋಯಿತು. ಐದು ವರ್ಷದ ಹಿಂದೆ, ಓದುವ ದಿನಗಳಲ್ಲಿ, ಅವಳು ವಾರವಿಡೀ ಕೂತು ಬರೆದ ಪ್ರೇಮಪತ್ರವನ್ನು ಇದೇ ಮಹಾಶಯ ಕೆಂಪು ಪೆನ್ಸಿಲಿನಲ್ಲಿ ತಿದ್ದಿ, ಅಂಚಿನಲ್ಲಿ ಏಳು ಕಡೆ 'ಕ್ಲೀಷೆ' ಎಂದು ಗೀಚಿ ಹಿಂದಿರುಗಿಸಿದ್ದ. ಗೆಳತಿಯರೆಲ್ಲ ಓದಿ ಬಿದ್ದುಬಿದ್ದು ನಕ್ಕಿದ್ದರು.

ಈಗ ಅವನು ಅವಳ ಕೈಕೆಳಗೆ. ದೇವರಿದ್ದಾನೆ ಎಂದುಕೊಂಡಳು.

ಮೊದಲ ದಿನವೇ ಅವನ ಮೇಜಿಗೆ ಆ ಪದದ ಚೀಟಿ ಹೋಯಿತು.

"ಫ್ರೆಂಚಿಂದ ಇಂಗ್ಲಿಷಿಗೆ ಬಂದಿದ್ದು ಮೇಡಂ," ಎಂದ. "ಮೊದಲು ಅಚ್ಚಿನಮನೆಯ ಪಡಿಯಚ್ಚಿಗೆ ಹೇಳ್ತಿದ್ರು. ಆಮೇಲೆ, ಹೇಳಿ ಹೇಳಿ ಸವೆದ ಮಾತಿಗೆ ಅದೇ ಹೆಸರಾಯ್ತು."

"ಅರ್ಥ ಗೊತ್ತು. ಯಾರೋ ಚೆನ್ನಾಗೇ ಕಲಿಸಿದ್ದಾರೆ. ಉದಾಹರಣೆ ಕೊಡಿ."

ಅವನ ಕಿವಿ ಕೆಂಪಾಯಿತು. ಅವಳಿಗೆ ಹೊಟ್ಟೆ ತಣ್ಣಗಾಯಿತು. ಆ ಕಿವಿ ಈಗಲೂ ಚೆಂದವಿದೆ ಎನ್ನಿಸಿ, ತನ್ನ ಮೇಲೇ ಸಿಟ್ಟೂ ಬಂತು.

'ಕಾಲಚಕ್ರ ಉರುಳಿತು.' ಬೇಡ. 'ಕಣ್ಣೀರಿನ ಕೋಡಿ ಹರಿಯಿತು.' ಬೇಡ. ಅವನು ಬರೆದು ತಂದ ಹದಿನೆಂಟು ಚೀಟಿಗಳನ್ನು ಹೊಡೆದುಹಾಕಿದಳು. ಹತ್ತೊಂಬತ್ತನೆಯದರಲ್ಲಿ 'ನೀನಿಲ್ಲದೆ ನಾನಿಲ್ಲ' ಎಂದಿತ್ತು.

"ಎಲ್ಲಿಂದ ಎತ್ತಿದ್ದು ಇದು?"

"ನಂದೇ. ಅವತ್ತು ಹೆದರಿಬಿಟ್ಟೆ, ಜಾಣತನ ತೋರಿಸಿ ತಪ್ಪಿಸ್ಕೊಂಡೆ. ನಿಮ್ಮ ಕಾಗದಕ್ಕೆ ಉತ್ತರ ಬರೆಯೋಕೆ ಐದು ವರ್ಷ ಒದ್ದಾಡಿದೀನಿ. ಇದಕ್ಕಿಂತ ಚೆನ್ನಾಗಿ ಬರಲೇ ಇಲ್ಲ."

ಅವಳ ಎದೆ ಡವಗುಟ್ಟಿತು. ಹಾಗಂತ ಬಿಡುವವಳಲ್ಲ.

"ಸೋಮವಾರದ ಮೀಟಿಂಗಲ್ಲಿ ಎದ್ದು ನಿಂತು ಓದಿ. ಯಾರಿಗೆ ಬರೆದಿದ್ದು ಅಂತಾನೂ ಹೇಳಿ."

ಓದಿದ. ಹನ್ನೆರಡು ಜನರೆದುರು ಅವಳ ಕಡೆಗೇ ಕೈತೋರಿಸಿದ. ಯಾರೋ ಕಿಸಕ್ಕೆಂದರು.

ಪ್ರಧಾನ ಸಂಪಾದಕರು ಕನ್ನಡಕ ಕೆಳಗಿಳಿಸಿ, "ಇದ್ರಲ್ಲಿ ಹೊಸದೇನಿದೆಯಪ್ಪಾ?" ಎಂದರು.

"ಏನೂ ಇಲ್ಲ ಸಾರ್. ನಿಜ ಅಷ್ಟೆ."

ನಗು ನಿಂತಿತು. ಎಲ್ಲರೂ ಅವಳತ್ತ ತಿರುಗಿದರು. ಐದು ವರ್ಷ ಕಾದಿದ್ದು ಈ ಗಳಿಗೆಗೇ. 'ಬೇಡ' ಅಂದರೆ ಇವನು ಇನ್ನೆಂದೂ ಇಲ್ಲಿ ತಲೆಯೆತ್ತಲಾರ. ಮಾತು ನಾಲಿಗೆಯ ತುದಿಗೆ ಬಂದಿತ್ತು. ಆದರೆ ಬೇಡ ಅಂದುಬಿಟ್ಟರೆ ಇವನು ಇಷ್ಟಕ್ಕೇ ಪಾರಾಗುತ್ತಾನಲ್ಲ!

"ಒಪ್ಪಿದೆ," ಎಂದಳು. "ಆದ್ರೆ ಒಂದು ಸಲ ಹೇಳಿದ್ರೆ ಕ್ಲೀಷೆ ಹೇಗಾಗುತ್ತೆ? ದಿನಾ ಹೇಳ್ಬೇಕು. ನನ್ನೆದುರು ಕೂತು. ನಂಗೆ ಸಾಕಾಗೋವರೆಗೂ."

"ಯಾವಾಗ ಸಾಕಾಗುತ್ತೆ?"

"ಅದನ್ನ ಹೇಳಲ್ಲ ಕಣೋ. ಅದೇ ನಿನಗೆ ಶಿಕ್ಷೆ."

ಅವಳಿನ್ನೂ ಅವನನ್ನು ಕ್ಷಮಿಸಿರಲಿಲ್ಲ. ಕ್ಷಮಿಸುವ ಆತುರವೂ ಇರಲಿಲ್ಲ, ಅದಕ್ಕೆ ಇಡೀ ಜೀವನ ಬಾಕಿಯಿತ್ತು.